ಕೇಳಿಸದೆ ಹೋದ ನುಡಿತ

ಯಕ್ಷಗಾನದಲ್ಲಿ ಮುಮ್ಮೇಳ, ಹಿಮ್ಮೇಳ ಎಂಬ ಎರಡು ಮಾತುಗಳುಂಟು. ಬಣ್ಣ ಹಚ್ಚಿ, ಕಿರೀಟ ಕಟ್ಟಿ, ರಂಗದ ಮೇಲೆ ಕುಣಿಯುವವರು ಮುಮ್ಮೇಳದವರು. ಅವರ ಬೆನ್ನ ಹಿಂದೆ ಇದ್ದು ಹಾಡುವ ಭಾಗವತರೂ, ಮದ್ದಳೆ ಚಂಡೆಗಳನ್ನು ನುಡಿಸುವವರೂ ಹಿಮ್ಮೇಳದವರು. ಹೆಸರನ್ನಷ್ಟೇ ನೋಡಿದರೆ ಮುಂದಿನವರೇ ಮುಖ್ಯರು, ಹಿಂದಿನವರು ಅವರಿಗೆ ಒತ್ತಾಸೆ ಎಂದು ತೋರುತ್ತದೆ. ವಸ್ತುಸ್ಥಿತಿ ಹಾಗಿಲ್ಲ. ‘ಭಾಗವತನೇ ಮೊದಲನೆಯ ವೇಷ’ ಎಂಬುದು ಮೇಳದವರ ಹಳೆಯ ಮಾತು. ಯಾವ ಪದ್ಯವನ್ನು ಎತ್ತಿಕೊಳ್ಳಬೇಕು, ಯಾವುದನ್ನು ಬಿಡಬೇಕು, ಕುಣಿತವನ್ನು ಎಷ್ಟು ಹೊತ್ತು ನಡೆಸಬೇಕು, ಬೆಳಗಿನೊಳಗೆ ಪ್ರಸಂಗವನ್ನು ಹೇಗೆ ಮುಗಿಸಬೇಕು ಎಂಬುದೆಲ್ಲ ಕೈಯಲ್ಲಿ ತಾಳ ಹಿಡಿದವನ ಅಧೀನ. ಕಾಲವನ್ನು ಅಳೆಯುವವನೇ ಇಲ್ಲಿ ಯಜಮಾನ.

ಕೊಪ್ಪ, ಶೃಂಗೇರಿ, ನರಸಿಂಹರಾಜಪುರ ಈ ಮೂರು ತಾಲ್ಲೂಕುಗಳ ಜನಕ್ಕೆ ಇದನ್ನು ವಿವರಿಸಿ ಹೇಳಬೇಕಾದುದಿಲ್ಲ. ದೀಪಾವಳಿ ಕಳೆದ ಮೇಲೆ ಕರಾವಳಿಯ ಮೇಳಗಳು ಘಟ್ಟ ಹತ್ತಿ ಬರುತ್ತವೆ. ಮಂದಾರ್ತಿಯ ಅಮ್ಮನಿಗೆ ಹರಕೆ ಹೊತ್ತವರು ಮನೆಯ ಮುಂದಣ ಗದ್ದೆಯಲ್ಲಿ ಆಟ ಆಡಿಸುತ್ತಾರೆ. ಸಂಜೆಯ ಹೊತ್ತಿಗೆ ಊರಿಗೆಲ್ಲ ತಿಳಿಯಲೆಂದು ಚಂಡೆ ಮದ್ದಳೆಗಳನ್ನು ಬಾರಿಸುವ ರೂಢಿಯುಂಟು. ಅದಕ್ಕೆ ‘ಕೇಳಿ’ ಎಂದೇ ಹೆಸರು. ಅಡಕೆಯ ತೋಟ, ಕಾಡು, ಹಳ್ಳಗಳನ್ನು ದಾಟಿ ಎರಡು ಮೂರು ಹರದಾರಿಯ ಮನೆಗೂ ಆ ಸದ್ದು ಮುಟ್ಟುತ್ತಿತ್ತು. ಆಟಕ್ಕೆ ಮೊದಲು ಬರುವುದು ಕಣ್ಣಿಗೆ ಕಾಣುವ ವೇಷವಲ್ಲ, ಕಿವಿಗೆ ಬೀಳುವ ನುಡಿತ.

ಆದರೆ ಮರುದಿನ ಬೆಳಗ್ಗೆ ಜಗಲಿಯಲ್ಲಿ ನಡೆಯುವ ಮಾತು ಬೇರೆ. ಕರ್ಣನ ವೇಷ ಹೇಗಿತ್ತು, ಕೌರವನ ಅರ್ಥ ಹೇಗಾಯಿತು ಎಂದು ಚರ್ಚಿಸುವವರು ಮದ್ದಳೆಯವನ ಹೆಸರನ್ನು ಎತ್ತುವುದು ಅಪರೂಪ. ಇಡೀ ರಾತ್ರಿ ಕೇಳಿದುದು ನೆನಪಿನಲ್ಲಿ ಉಳಿಯುವುದಿಲ್ಲ, ಕಂಡುದು ಉಳಿಯುತ್ತದೆ. ಸಂಗೀತದ ಇತಿಹಾಸವೂ ಬಹುಮಟ್ಟಿಗೆ ಹೀಗೆಯೇ ಬರೆಯಲ್ಪಟ್ಟಿದೆ ಎಂಬುದು ನನ್ನ ಅಭಿಪ್ರಾಯ. ತಾಳವಾದ್ಯದವನು ಮೇಳವನ್ನು ನಡೆಸಿದನು, ಆದರೆ ಇತಿಹಾಸಕ್ಕೆ ಅವನು ಕೇಳಿಸಲಿಲ್ಲ. ಇದಕ್ಕೆ ಕಾರಣ ಜನರ ಮರೆವು ಮಾತ್ರವಲ್ಲ. ಒಂದು ಯಂತ್ರದ ದೋಷವೂ ಇದರಲ್ಲಿ ಸೇರಿಕೊಂಡಿದೆ. ಆ ಕಥೆಯನ್ನು ಹೇಳಲು ನಾವು ಮಲೆನಾಡಿನಿಂದ ಬಲುದೂರ, ಅಮೆರಿಕದ ನ್ಯೂಯಾರ್ಕ್ ನಗರಕ್ಕೆ ಹೋಗಿ, ಅಲ್ಲಿಂದ ನಮ್ಮ ಬೆಂಗಳೂರಿಗೆ ಮರಳಬೇಕಾಗುತ್ತದೆ.

ಜಾಸ್ ಎಂಬ ಸಂಗೀತವನ್ನು ವಾಚಕರು ರೇಡಿಯೋದಲ್ಲಾಗಲಿ ಚಲನಚಿತ್ರದಲ್ಲಾಗಲಿ ಕೇಳಿಯೇ ಇರುತ್ತಾರೆ. ಇಪ್ಪತ್ತನೆಯ ಶತಮಾನದ ಆರಂಭಕಾಲದಲ್ಲಿ ಅಮೆರಿಕದ ದಕ್ಷಿಣಭಾಗದ ನ್ಯೂ ಆರ್ಲಿಯನ್ಸ್ ಪಟ್ಟಣದಲ್ಲಿ, ಗುಲಾಮಗಿರಿಯಿಂದ ಬಿಡುಗಡೆ ಹೊಂದಿದ್ದ ಕಪ್ಪು ಜನರ ಮಕ್ಕಳು ಮೊಮ್ಮಕ್ಕಳ ನಡುವೆ ಅದು ರೂಪುಗೊಂಡಿತು. ತುತ್ತೂರಿ, ಕ್ಲಾರಿನೆಟ್, ಸ್ಯಾಕ್ಸೊಫೋನ್ ಮುಂತಾದ ಊದುವ ವಾದ್ಯಗಳು ಅದರ ಮುಮ್ಮೇಳ. ಹಿಂದೆ ಕುಳಿತ ಒಬ್ಬನೇ ವಾದಕ ಎರಡು ಕೈಗಳಿಂದ ಸಣ್ಣ ಡೋಲುಗಳನ್ನೂ ಕಂಚಿನ ತಾಳಗಳನ್ನೂ ಬಾರಿಸುತ್ತ, ಕಾಲಿನಿಂದ ಮೆಟ್ಟಿ ದೊಡ್ಡ ಡೋಲನ್ನು ನುಡಿಸುತ್ತಾನೆ. ಭಾಗವತರ ತಾಳ, ಮದ್ದಳೆಯ ನಯ, ಚಂಡೆಯ ಅಬ್ಬರ ಈ ಮೂರನ್ನೂ ಒಬ್ಬನೇ ಹೊತ್ತಂತೆ. ಇವನಿಗೆ ಡ್ರಮ್ಮರ್ ಎಂದು ಹೆಸರು.

ಆ ಕಾಲದ ಡ್ರಮ್ಮರುಗಳಲ್ಲಿ ತಾನೇ ವಾದ್ಯವೃಂದದ ನಾಯಕನಾಗಿ ಕೀರ್ತಿ ಪಡೆದ ಮೊದಲಿಗರಲ್ಲಿ ಚಿಕ್ ವೆಬ್ ಒಬ್ಬ. ನಿಜನಾಮ ವಿಲಿಯಂ ಹೆನ್ರಿ ವೆಬ್, ಊರು ಬಾಲ್ಟಿಮೋರ್. ಎಳವೆಯಲ್ಲಿಯೇ ಬೆನ್ನೆಲುಬಿಗೆ ಕ್ಷಯ ತಗುಲಿ ಬೆನ್ನು ಗೂನಾಯಿತು, ಮೈ ಬೆಳೆಯಲಿಲ್ಲ, ಪ್ರಾಯ ಬಂದ ಮೇಲೂ ಅವನ ಎತ್ತರ ನಾಲ್ಕು ಅಡಿಯ ಆಸುಪಾಸು. ಬೀದಿಯಲ್ಲಿ ವೃತ್ತಪತ್ರಿಕೆಗಳನ್ನು ಮಾರಿ ಕೂಡಿಟ್ಟ ಹಣದಿಂದ ಆ ಹುಡುಗ ತನ್ನ ಡೋಲುಗಳನ್ನು ಕೊಂಡ. ೧೯೨೦ರ ದಶಕದ ಮಧ್ಯದಲ್ಲಿ ನ್ಯೂಯಾರ್ಕಿಗೆ ಬಂದು, ಕಪ್ಪು ಜನರ ಬಡಾವಣೆಯಾದ ಹಾರ್ಲೆಮ್ಮಿನಲ್ಲಿ ಸ್ವಂತ ವೃಂದವನ್ನು ಕಟ್ಟಿದ. ಅವನಿಗೆ ಸ್ವರಲಿಪಿ ಓದಲು ಬರುತ್ತಿರಲಿಲ್ಲ. ಹನ್ನೆರಡು ಹದಿಮೂರು ಮಂದಿ ನುಡಿಸುವ ಇಡೀ ರಚನೆಯನ್ನು ಕೇಳಿ ಕೇಳಿ ಕಂಠಪಾಠ ಮಾಡಿಕೊಂಡು, ಎಲ್ಲಿ ಎಷ್ಟು ಒತ್ತು ಬೀಳಬೇಕೆಂದು ವಾದಕರಿಗೆ ಡೋಲಿನಿಂದಲೇ ಸೂಚಿಸುತ್ತಿದ್ದ. ಪ್ರಸಂಗದ ಪದ್ಯಗಳೆಲ್ಲ ನಾಲಗೆಯ ತುದಿಯಲ್ಲಿರುವ ನಮ್ಮ ಹಳೆಯ ಹಿಮ್ಮೇಳದವರಿಗೆ ಈ ಬಗೆಯ ವಿದ್ಯೆ ಹೊಸತೆನಿಸದು.

ಹಾರ್ಲೆಮ್ಮಿನ ಲೆನಾಕ್ಸ್ ಬೀದಿಯಲ್ಲಿ ೧೯೨೬ರಲ್ಲಿ ಸವಾಯ್ ಬಾಲ್‌ರೂಮ್ ಎಂಬ ವಿಶಾಲವಾದ ನರ್ತನಶಾಲೆ ತೆರೆಯಿತು. ಕಪ್ಪು ಜನರೂ ಬಿಳಿಯರೂ ಒಂದೇ ನೆಲದ ಮೇಲೆ ಕುಣಿಯಬಹುದಾಗಿದ್ದ ಆ ಕಾಲದ ಕೆಲವೇ ಸ್ಥಳಗಳಲ್ಲಿ ಅದೊಂದು. ೧೯೩೦ರ ದಶಕದಲ್ಲಿ ವೆಬ್ಬನ ವೃಂದ ಅಲ್ಲಿಯ ಆಸ್ಥಾನವೃಂದವೇ ಆಗಿಹೋಯಿತು. ಆ ಶಾಲೆಯಲ್ಲಿ ಪಕ್ಕಪಕ್ಕದಲ್ಲಿ ಎರಡು ವೇದಿಕೆಗಳಿದ್ದುವು. ಒಂದು ವೃಂದ ನಿಲ್ಲಿಸುತ್ತಿದ್ದಂತೆಯೆ ಇನ್ನೊಂದು ಆರಂಭಿಸಬೇಕು, ಕುಣಿಯುವವರ ಕಾಲು ನಿಲ್ಲಕೂಡದು. ಹೀಗಾಗಿ ಎರಡು ವೃಂದಗಳ ನಡುವೆ ಪೈಪೋಟಿ ಹುಟ್ಟಿತು. ಇದನ್ನು ಓದಿದಾಗ ನಮ್ಮವರಿಗೆ ಜೋಡಾಟದ ನೆನಪಾಗದಿರದು. ಎರಡು ಮೇಳಗಳು ಅಕ್ಕಪಕ್ಕದ ರಂಗಸ್ಥಳಗಳಲ್ಲಿ ಒಂದೇ ಪ್ರಸಂಗವನ್ನು ಏಕಕಾಲಕ್ಕೆ ಆಡಿ, ಜನ ಯಾವ ಕಡೆಗೆ ವಾಲುತ್ತಾರೆಂದು ನೋಡುವ ಆ ಸ್ಪರ್ಧೆಯಲ್ಲಿ ಮೊದಲು ಕಾದಾಡುವುದು ಚಂಡೆಗಳೇ ಅಲ್ಲವೆ?

ಸವಾಯಿಯ ಜೋಡಾಟಗಳಲ್ಲಿ ಅತ್ಯಂತ ಪ್ರಸಿದ್ಧವಾದುದು ೧೯೩೭ರ ಮೇ ೧೧ರಂದು ನಡೆಯಿತು. ಎದುರಾಳಿ, ದೇಶದಲ್ಲೆಲ್ಲ ‘ಸ್ವಿಂಗ್ ಸಂಗೀತದ ರಾಜ’ ಎಂದು ಹೊಗಳಿಸಿಕೊಳ್ಳುತ್ತಿದ್ದ ಬೆನ್ನಿ ಗುಡ್‌ಮನ್. ಅವನ ಡ್ರಮ್ಮರ್ ಜೀನ್ ಕ್ರೂಪಾ, ಅಂದಿನ ಯುವಜನರ ಆರಾಧ್ಯಮೂರ್ತಿ. ಆ ರಾತ್ರಿ ಗೂನುಬೆನ್ನಿನ ಆ ಕುಳ್ಳ ಮನುಷ್ಯ ಗೆದ್ದ. ಉತ್ತಮನೊಬ್ಬನ ಕೈಯಲ್ಲಿ ಸೋತೆನೆಂಬುದನ್ನು ಕ್ರೂಪಾ ಮುಂದೆ ಮುಚ್ಚಿಡದೆ ಒಪ್ಪಿಕೊಂಡ. ೧೯೩೮ರ ಜನವರಿಯಲ್ಲಿ ಕೌಂಟ್ ಬೇಸಿಯ ವೃಂದದೊಡನೆ ಇನ್ನೊಂದು ಪಂದ್ಯವಾಯಿತು. ಅದರಲ್ಲಿ ಗೆಲುವು ಯಾರದೆಂಬ ವಿಷಯದಲ್ಲಿ ಇಂದಿಗೂ ಎರಡು ಮಾತುಂಟು.

ವೆಬ್ ೧೯೩೫ರಲ್ಲಿ ಎಲ್ಲಾ ಫಿಟ್ಸ್‌ಜೆರಾಲ್ಡ್ ಎಂಬ ತರುಣಿಯನ್ನು ತನ್ನ ವೃಂದಕ್ಕೆ ಸೇರಿಸಿಕೊಂಡ. ಕಡುಬಡತನದಲ್ಲಿ ಬೆಳೆದ ಆಕೆ ಮುಂದೆ ಜಗದ್ವಿಖ್ಯಾತ ಗಾಯಕಿಯಾದಳು. ೧೯೩೮ರಲ್ಲಿ ಆಕೆ ಹಾಡಿದ ಒಂದು ಮಕ್ಕಳ ಹಾಡಿನ ಹೊಸ ರೂಪ ಮನೆಮನೆಗೂ ಮುಟ್ಟಿ ವೃಂದಕ್ಕೆ ಭಾಗ್ಯದ ಬಾಗಿಲು ತೆರೆಯಿತು. ಆದರೆ ಅದನ್ನು ಅನುಭವಿಸಲು ವೆಬ್ಬನಿಗೆ ಆಯುಸ್ಸು ಉಳಿದಿರಲಿಲ್ಲ. ೧೯೩೯ರ ಜೂನ್ ೧೬ರಂದು ಅವನು ಹುಟ್ಟಿದೂರಿನ ಆಸ್ಪತ್ರೆಯಲ್ಲಿಯೇ ತೀರಿಕೊಂಡ. ನಾಯಕನಿಲ್ಲದ ವೃಂದವನ್ನು ಎಲ್ಲಾ ತನ್ನ ಹೆಸರಿನಲ್ಲಿ ೧೯೪೨ರವರೆಗೆ ನಡೆಸಿದಳು.

ಇಂದು ಎಲ್ಲಾಳ ಹೆಸರನ್ನು ಬಲ್ಲವರು ಲಕ್ಷ ಮಂದಿ. ವೆಬ್ಬನ ಹೆಸರನ್ನು ಬಲ್ಲವರು ಆ ಕಲೆಯಲ್ಲಿ ಮುಳುಗಿದವರು ಮಾತ್ರ. ಇದಕ್ಕೆ ಕಾರಣವನ್ನು ಗ್ರಾಮಫೋನಿನಲ್ಲಿ ಹುಡುಕಬೇಕು. ೧೯೨೫ಕ್ಕೆ ಮೊದಲು ಧ್ವನಿಮುದ್ರಣವೆಂದರೆ ದೊಡ್ಡ ಕೊಳವೆಯ ಬಾಯಿಗೆ ಹಾಡಿ, ಆ ಕಂಪನದಿಂದ ಸೂಜಿ ಮೇಣದ ತಟ್ಟೆಯನ್ನು ಕೊರೆಯುವಂತೆ ಮಾಡುವುದು. ಡೋಲಿನ ಗಟ್ಟಿಯಾದ ಪೆಟ್ಟು ಬಿದ್ದರೆ ಸೂಜಿ ಹಾರಿ ಗೆರೆ ಕೆಡುತ್ತಿತ್ತು. ಆದಕಾರಣ ಡ್ರಮ್ಮರನ್ನು ಮೂಲೆಗೆ ಕೂರಿಸುವುದು, ದೊಡ್ಡ ಡೋಲನ್ನು ಬಿಡಿಸಿ ಮರದ ತುಂಡುಗಳನ್ನು ತಟ್ಟಿಸುವುದು ವಾಡಿಕೆಯಾಯಿತು. ವಿದ್ಯುತ್ತಿನಿಂದ ಮುದ್ರಿಸುವ ಕ್ರಮ ಬಂದ ಮೇಲೂ ಕಷ್ಟ ಪೂರ್ತಿ ತೀರಲಿಲ್ಲ. ವೆಬ್ಬನ ತಟ್ಟೆಗಳನ್ನು ಇಂದು ಹಾಕಿ ಕೇಳಿದರೆ ತುತ್ತೂರಿಗಳು ಸ್ಪಷ್ಟ, ಗಾಯಕಿ ಇನ್ನೂ ಸ್ಪಷ್ಟ. ಸವಾಯಿಯ ನೆಲವನ್ನು ನಡುಗಿಸಿತೆನ್ನುವ ಡೋಲು ಮಾತ್ರ ಎಲ್ಲಿಯೋ ಗೋಡೆಯಾಚೆ ನುಡಿದಂತೆ. ಅವನು ದೊಡ್ಡವನೆಂಬುದಕ್ಕೆ ನಮಗಿರುವ ಮುಖ್ಯ ಆಧಾರ ಅವನನ್ನು ಎದುರಿಗೆ ಕೇಳಿದವರ ಸಾಕ್ಷ್ಯವೇ ಹೊರತು ಮುದ್ರಿಕೆಯಲ್ಲ.

ನಮ್ಮ ದೇಶದಲ್ಲಿಯೂ ಇದೇ ನಡೆಯಿತು. ೧೯೦೨ರಲ್ಲಿ ಕಲ್ಕತ್ತೆಯಲ್ಲಿ ಗೌಹರ್ ಜಾನ್ ಹಾಡಿದಂದಿನಿಂದ ಮುಂದಿನ ಅರ್ಧ ಶತಮಾನ ನಮ್ಮ ಸಂಗೀತಕ್ಕೆ ತಟ್ಟೆಯ ಒಂದು ಮಗ್ಗುಲು ಕೊಟ್ಟ ಅವಕಾಶ ಸುಮಾರು ಮೂರು ಮೂರೂವರೆ ನಿಮಿಷ. ಅಷ್ಟರೊಳಗೆ ಪಲ್ಲವಿ, ಅನುಪಲ್ಲವಿ, ಚರಣ ಮುಗಿಯಬೇಕು. ಮೃದಂಗದವನು ತನ್ನ ವಿದ್ಯೆಯನ್ನೆಲ್ಲ ತೆರೆದು ತೋರಿಸುವ ತನಿ ಆವರ್ತನಕ್ಕೆ ಅಲ್ಲಿ ಎಡೆಯೆಲ್ಲಿ? ಕಚೇರಿಯಲ್ಲಿ ಕಾಲು ಗಂಟೆ ಮೆರೆಯುತ್ತಿದ್ದ ಕೈ ತಟ್ಟೆಯಲ್ಲಿ ಹಿನ್ನೆಲೆಯ ಟಕಟಕ ಸದ್ದಾಗಿ ಉಳಿಯಿತು. ಅವನನ್ನು ‘ಪಕ್ಕವಾದ್ಯ’ದವನೆಂದು ಕರೆಯುವುದು ಮೊದಲಿನಿಂದ ಇದ್ದ ರೂಢಿ, ಯಂತ್ರವು ಅವನನ್ನು ಪಕ್ಕದಿಂದಲೂ ಆಚೆಗೆ ತಳ್ಳಿತು.

ಮುದ್ರಣದ ಬೆಲೆಯನ್ನು ಮೈಸೂರು ಸೀಮೆ ಅರಿತಿರಲಿಲ್ಲವೆಂದು ಹೇಳುವಂತಿಲ್ಲ. ಜಯಚಾಮರಾಜ ಒಡೆಯರು ಲಂಡನ್ನಿನಲ್ಲಿ ಮುಪ್ಪಿನಲ್ಲಿದ್ದ ನಿಕೊಲಾಯ್ ಮೆಡ್ಟ್ನರ್ ಎಂಬ ರಷ್ಯದ ಸಂಗೀತಕಾರನ ಕೃತಿಗಳು ಅಳಿಯಬಾರದೆಂದು ತಾವೇ ಹಣ ಕೊಟ್ಟು, ೧೯೪೦ರ ದಶಕದ ಕೊನೆಯಲ್ಲಿ ಅವನಿಂದಲೇ ಪಿಯಾನೊ ನುಡಿಸಿ ತಟ್ಟೆಗಳನ್ನು ಮಾಡಿಸಿದರು. ೧೯೫೧ರಲ್ಲಿ ಮೆಡ್ಟ್ನರ್ ತೀರಿಕೊಂಡ. ಅವನ ಕೈಯ ನುಡಿತ ಇಂದಿಗೂ ಕೇಳಸಿಗುತ್ತದೆ. ದೂರದ ಒಬ್ಬ ಕಲಾವಿದನಿಗೆ ದೊರೆತ ಈ ಉಪಕಾರ ಅದೇ ರಾಜ್ಯದ ಕೊಪ್ಪ ಶೃಂಗೇರಿಗಳಲ್ಲಿ ರಾತ್ರಿಯೆಲ್ಲ ನುಡಿದ ಮದ್ದಳೆಗೆ ದೊರೆಯಲಿಲ್ಲ. ಅದು ಮಹಾರಾಜರ ತಪ್ಪೆಂದಲ್ಲ. ಮದ್ದಳೆಯನ್ನು ಮುದ್ರಿಸಿಡಬೇಕೆಂದು ಕೇಳಿದವರೇ ಇದ್ದಂತೆ ಕಾಣುವುದಿಲ್ಲ.

ಈ ಸ್ಥಿತಿಯಲ್ಲಿ ತಾಳವಾದ್ಯಕ್ಕೆ ತನ್ನದೇ ಆದ ಮನೆಯೊಂದನ್ನು ಕಟ್ಟಿಕೊಟ್ಟವರು ಬೆಂಗಳೂರಿನ ಮೃದಂಗ ವಿದ್ವಾಂಸರಾದ ಟಿ. ಎ. ಎಸ್. ಮಣಿಯವರು. ೧೯೬೪ರಲ್ಲಿ ಅವರು ಕರ್ನಾಟಕ ಕಾಲೇಜ್ ಆಫ್ ಪರ್ಕಷನ್ ಎಂಬ ಸಂಸ್ಥೆಯನ್ನು ಸ್ಥಾಪಿಸಿದರು. ಹೆಸರೇ ಸೂಚಿಸುವಂತೆ ಇದು ತಾಳವಾದ್ಯಗಳ ವಿದ್ಯಾಲಯ. ಹಾಡುಗಾರನ ನೆರಳಾಗಿ ಅಲ್ಲದೆ ಸ್ವತಂತ್ರವಾದ ಶಾಸ್ತ್ರವಾಗಿ ಮೃದಂಗ, ಘಟ, ಖಂಜರಿ, ಮೋರ್ಸಿಂಗ್, ಕೊನ್ನಕೋಲುಗಳನ್ನು ಕಲಿಸುವುದು ಅದರ ಉದ್ದೇಶ. ‘ತಾಳ ತರಂಗಿಣಿ’ ಎಂಬ ಹೆಸರಿನಲ್ಲಿ ಅವರು ತಾಳವಾದ್ಯಗಳದೇ ಒಂದು ಮೇಳವನ್ನು ಕಟ್ಟಿದರು. ಪಕ್ಕದಲ್ಲಿ ಕೂರುತ್ತಿದ್ದವರು ಇಲ್ಲಿ ವೇದಿಕೆಯ ನಡುವೆ ಬಂದರು. ಮಣಿಯವರ ಪತ್ನಿ ಆರ್. ಎ. ರಮಾಮಣಿಯವರು ಗಾಯಕಿ. ಅವರು ಈ ಮೇಳದೊಡನೆ ಹಾಡಿದಾಗ ಎಂದಿನ ಕ್ರಮವೇ ತಿರುಗುಮುರುಗಾಯಿತು: ಕಂಠವು ಲಯದ ಮನೆಗೆ ಅತಿಥಿಯಾಗಿ ಬಂದಂತೆ.

ಕೊನ್ನಕೋಲಿನ ವಿಷಯವನ್ನು ಇಲ್ಲಿ ಎರಡು ಮಾತಿನಲ್ಲಿ ಹೇಳಬೇಕು. ಬೆರಳು ನುಡಿಸುವುದಕ್ಕೆ ಮೊದಲು ಬಾಯಿ ನುಡಿಯಬೇಕೆಂಬುದು ನಮ್ಮ ಲಯವಿದ್ಯೆಯ ಮೂಲಸೂತ್ರ. ‘ತಕಧಿಮಿ’ ಎಂದರೆ ನಾಲ್ಕು, ‘ತಕತಕಿಟ’ ಎಂದರೆ ಐದು, ‘ತಕಿಟತಕಧಿಮಿ’ ಎಂದರೆ ಏಳು. ಲೆಕ್ಕವೇ ಮಾತಾಗಿ, ಮಾತೇ ನಾದವಾಗುತ್ತದೆ. ಐದು ಮಾತ್ರೆಯ ನಡೆಯಲ್ಲಿ ಡೇವ್ ಬ್ರೂಬೆಕ್ಕನ ವೃಂದ ೧೯೫೯ರಲ್ಲಿ ‘ಟೇಕ್ ಫೈವ್’ ಎಂಬ ರಚನೆಯನ್ನು ಮುದ್ರಿಸಿದಾಗ ಅಮೆರಿಕದ ಕೇಳುಗರಿಗೆ ಅದು ದೊಡ್ಡ ಹೊಸತನವಾಗಿ ಕಂಡಿತು. ನಮ್ಮಲ್ಲಿ ಖಂಡಛಾಪುವನ್ನು ಕಲಿಯದ ಮೃದಂಗದ ಹುಡುಗನಿಲ್ಲ. ಇದನ್ನು ಹೆಮ್ಮೆಗಾಗಿ ಹೇಳುತ್ತಿಲ್ಲ. ಜಾಸ್‌ನವರಿಗೆ ನಮ್ಮ ಲಯದಲ್ಲಿ ಹಸಿವು ಹುಟ್ಟಿದ್ದೇಕೆ ಎಂಬುದು ಇದರಿಂದ ತಿಳಿಯುತ್ತದೆ. ಅವರದೂ ಆಶುಸಂಗೀತ. ಗೊತ್ತಾದ ಆವರ್ತದೊಳಗೆ ಸ್ವಾತಂತ್ರ್ಯವಹಿಸಿ, ಕೊನೆಗೆ ಎಲ್ಲರೂ ಒಂದೇ ಪೆಟ್ಟಿಗೆ ಬಂದು ಸೇರುವುದು ಅವರ ಧರ್ಮ, ನಮ್ಮದೂ ಧರ್ಮ.

ಆ ಹಸಿವಿನಿಂದ ಬಂದವರಲ್ಲಿ ಅಗ್ರಗಣ್ಯನೆಂದರೆ ಚಾರ್ಲಿ ಮರಿಯಾನೊ. ಬಾಸ್ಟನ್ನಿನಲ್ಲಿ ೧೯೨೩ರಲ್ಲಿ ಹುಟ್ಟಿದ ಈ ಸ್ಯಾಕ್ಸೊಫೋನ್ ವಾದಕ ಚಾರ್ಲ್ಸ್ ಮಿಂಗಸ್ಸನಂಥ ಮಹಾನಾಯಕನ ವೃಂದದಲ್ಲಿ ನುಡಿಸಿದವನು. ೧೯೬೦ರ ದಶಕದಲ್ಲಿ ಮಲೇಷ್ಯದಲ್ಲಿದ್ದಾಗ ನಾಗಸ್ವರವನ್ನು ಕೇಳಿ ಮರುಳಾಗಿ, ಮುಂದೆ ತಮಿಳುನಾಡಿನ ಹಳ್ಳಿಗೆ ಬಂದು ಗುರುಮುಖೇನ ಅದನ್ನು ಕಲಿತ. ಅವನು ಮಣಿಯವರ ಮೇಳದೊಡನೆ ಕೂಡಿಕೊಂಡು, ೧೯೮೩ರಲ್ಲಿ ಜರ್ಮನಿಯ ಲುಡ್ವಿಗ್ಸ್‌ಬುರ್ಗ್‌ನಲ್ಲಿ ‘ಜ್ಯೋತಿ’ ಎಂಬ ತಟ್ಟೆಯನ್ನು ಇ.ಸಿ.ಎಂ. ಸಂಸ್ಥೆಗಾಗಿ ಮುದ್ರಿಸಿದ. ರಮಾಮಣಿಯವರ ಕಂಠ, ಮಣಿಯವರ ಮೃದಂಗ, ಆರ್. ಎ. ರಾಜಗೋಪಾಲರ ಘಟ, ಟಿ. ಎನ್. ಶಶಿಕುಮಾರರ ಖಂಜರಿ, ಇವುಗಳ ನಡುವೆ ಅಮೆರಿಕದವನ ಕೊಳಲು, ಸ್ಯಾಕ್ಸೊಫೋನು. ಈ ತಟ್ಟೆಯಲ್ಲಿ ನಾನು ಮುಖ್ಯವಾಗಿ ಗಮನಿಸಿದ್ದು ಘಟದ ಮಣ್ಣಿನ ಕಂಪನ, ಖಂಜರಿಯ ಚರ್ಮ ಬಿಗಿದು ಸಡಿಲುವ ಗುಂಕಾರ, ಮೃದಂಗದ ಎಡಭಾಗದ ಗಂಭೀರ ಗುಮಿಕಿ. ಒಂದೊಂದೂ ಬಿಡಿಬಿಡಿಯಾಗಿ ಕಿವಿಗೆ ಬೀಳುತ್ತದೆ. ವೆಬ್ ತೀರಿದ ನಾಲ್ಕು ದಶಕಗಳ ಮೇಲೆ ಯಂತ್ರಕ್ಕೆ ಕಡೆಗೂ ಕಿವಿ ಬಂದಿತ್ತು. ಮಣಿಯವರ ಪುಣ್ಯವೆಂದರೆ ಅವರು ಆ ಕಿವಿ ಬಂದ ಕಾಲದಲ್ಲಿ ನುಡಿಸಿದರು.

ಇದೇ ವಿದ್ಯಾಲಯದಿಂದ ಹೊರಬಂದ ಇನ್ನೊಬ್ಬರ ಜೀವನ ನಮ್ಮ ವಿಷಯಕ್ಕೆ ಇನ್ನೂ ಹತ್ತಿರವಾದುದು. ರಮೇಶ್ ಶೋತಮ್ ೧೯೪೮ರಲ್ಲಿ ಮದ್ರಾಸಿನಲ್ಲಿ ಹುಟ್ಟಿದವರು. ೧೯೭೦ರ ದಶಕದಲ್ಲಿ ಬೆಂಗಳೂರಿನ ತರುಣರು ಮೆಚ್ಚಿದ ‘ಹ್ಯೂಮನ್ ಬಾಂಡೇಜ್’ ಎಂಬ ರಾಕ್ ತಂಡದ ಸ್ಥಾಪಕರಲ್ಲೊಬ್ಬರಾಗಿ, ಪಾಶ್ಚಾತ್ಯ ಡ್ರಮ್ಮುಗಳನ್ನು ಬಾರಿಸುತ್ತಿದ್ದರು. ಅನಂತರ ಮಣಿಯವರ ಸಂಸ್ಥೆಯಲ್ಲಿ ಶಿಷ್ಯವೃತ್ತಿ ನಡೆಸಿ ಕರ್ನಾಟಕ ಪದ್ಧತಿಯ ಲಯವನ್ನೂ ತವಿಲ್ ವಾದನವನ್ನೂ ಕಲಿತರು. ತವಿಲ್ ಎಂದರೆ ನಾಗಸ್ವರದ ಜೊತೆಗಾರ. ದೇವಸ್ಥಾನದ ಹೊರಾವರಣದಲ್ಲಿ, ಉತ್ಸವದ ಬೀದಿಯಲ್ಲಿ ನುಡಿಯುವ ವಾದ್ಯ. ನಮ್ಮ ಚಂಡೆಯಂತೆ ಬಯಲಿನ ಕೂಸು. ೧೯೮೦ರ ದಶಕದಲ್ಲಿ ಅವರು ಜರ್ಮನಿಗೆ ಹೋಗಿ ಕೊಲೋನ್ ನಗರದಲ್ಲಿ ನೆಲೆಸಿದರು. ಮರಿಯಾನೊನೊಡನೆಯೂ, ಲೆಬನಾನಿನ ರಬೀಹ್ ಅಬು ಖಲೀಲ್ ಮುಂತಾದವರೊಡನೆಯೂ ನುಡಿಸಿ, ಕೊನೆಗೆ ‘ಮದ್ರಾಸ್ ಸ್ಪೆಷಲ್’ ಎಂಬ ತಮ್ಮದೇ ವೃಂದದ ನಾಯಕರಾದರು. ತವಿಲ್, ಘಟ, ಖಂಜರಿ, ಮೋರ್ಸಿಂಗ್‌ಗಳನ್ನು ಪಾಶ್ಚಾತ್ಯ ಡ್ರಮ್ಮಿನೊಂದಿಗೆ ಒಬ್ಬರೇ ಹೊತ್ತು, ಊದುವವರನ್ನೂ ತಂತಿವಾದ್ಯದವರನ್ನೂ ಲಯದ ಬಲದಿಂದ ನಡೆಸುವ ನಾಯಕತ್ವ ಅವರದು. ಮಣಿಯವರ ಮೇಳವೂ ಅಲ್ಲಿಗೇ ನಿಲ್ಲಲಿಲ್ಲ. ಕೊಲೋನಿನ ರೇಡಿಯೋ ವಾದ್ಯವೃಂದದೊಡನೆ ‘ಸ್ಕೆಚಸ್ ಆಫ್ ಬ್ಯಾಂಗಲೋರ್’ ಎಂಬ ದೊಡ್ಡ ಕೆಲಸದಲ್ಲಿ ಸೇರಿತು. ಮರಿಯಾನೊ ಅದೇ ಕೊಲೋನಿನಲ್ಲಿ ೨೦೦೯ರ ಜೂನ್ ೧೬ರಂದು ಕಾಲವಾದ. ವೆಬ್ ತೀರಿಕೊಂಡು ಅಂದಿಗೆ ಸರಿಯಾಗಿ ಎಪ್ಪತ್ತು ವರ್ಷ.

ಈ ಬಗೆಯ ಕೂಡುಸಂಗೀತದಲ್ಲಿ ಎರಡು ಪದ್ಧತಿಗಳೂ ಜಾತಿ ಕೆಡುತ್ತವೆ ಎಂದು ಆಕ್ಷೇಪಿಸುವವರುಂಟು. ಆ ಮಾತಿನಲ್ಲಿ ಸ್ವಲ್ಪ ಸತ್ಯವೂ ಇದೆ. ರಾಗದ ಸೂಕ್ಷ್ಮಗಳು ಇಂಥ ಜೊತೆಗಾರಿಕೆಯಲ್ಲಿ ಒರಟಾಗುವುದನ್ನು ನಾನೂ ಕೇಳಿದ್ದೇನೆ. ಆದರೆ ಲಯದ ಮಾತು ಬೇರೆ. ಏಳನ್ನು ಏಳಾಗಿ ಎಣಿಸುವುದರಲ್ಲಿ ಕೊಪ್ಪಕ್ಕೂ ಕೊಲೋನಿಗೂ ಭೇದವಿಲ್ಲ. ಲಯ ಕೆಟ್ಟರೆ ಒಡನೆಯೆ ತಿಳಿಯುತ್ತದೆ. ಕೆಡದಿದ್ದರೆ ಎರಡು ಜನಾಂಗಗಳು ಭಾಷೆಯ ಹಂಗಿಲ್ಲದೆ ಒಂದೇ ಪೆಟ್ಟಿಗೆ ಬಂದು ಸೇರುತ್ತವೆ. ಈ ಭಾಗ್ಯಕ್ಕೆ ಬಾಗಿಲು ತೆರೆದವರು ಹಾಡುವವರಲ್ಲ, ಹಿಂದಿನ ಸಾಲಿನವರು ಎಂಬುದನ್ನು ನೆನಪಿಡಬೇಕು.

ಇನ್ನು ನಮ್ಮ ಊರಿನ ಮಾತು. ಈಗ ಯಂತ್ರದ ಬಡತನವಿಲ್ಲ. ಹರಕೆಯಾಟಕ್ಕೆ ಬಂದ ಪ್ರತಿಯೊಬ್ಬನ ಜೇಬಿನಲ್ಲಿಯೂ ದೃಶ್ಯವನ್ನೂ ಶಬ್ದವನ್ನೂ ಹಿಡಿಯುವ ಫೋನು ಇದೆ. ಆದರೆ ಆ ಫೋನುಗಳು ತಿರುಗುವುದು ಎತ್ತ? ಗಿರಕಿ ಹೊಡೆಯುವ ವೇಷದತ್ತ. ವೇಷ ನಿಂತ ಕೂಡಲೆ ಮುದ್ರಣವೂ ನಿಲ್ಲುತ್ತದೆ. ಅದನ್ನು ಹತ್ತು ಜನಕ್ಕೆ ಕಳುಹಿಸುವಾಗ ವೇಷಧಾರಿಯ ಹೆಸರು ಬರುತ್ತದೆ, ಭಾಗವತರ ಹೆಸರು ಬರುವುದುಂಟು, ಮದ್ದಳೆಯವರ ಹೆಸರು ಬಿಟ್ಟುಹೋಗುತ್ತದೆ. ವೆಬ್ಬನ ಕಾಲದಲ್ಲಿ ಸೂಜಿಗೆ ಶಕ್ತಿಯಿರಲಿಲ್ಲ; ನಮ್ಮ ಕಾಲದಲ್ಲಿ ಶಕ್ತಿಯಿದ್ದೂ ಲಕ್ಷ್ಯವಿಲ್ಲ. ಫಲ ಮಾತ್ರ ಒಂದೇ.

ಕಾಲೇಜಿನಲ್ಲಿ ಕನ್ನಡ ಕಲಿಸುವ ನನ್ನಂಥವರು ಪ್ರಸಂಗದ ಪಠ್ಯವನ್ನು ಸಂಪಾದಿಸುತ್ತೇವೆ, ಪಾಠಾಂತರಗಳನ್ನು ಗುರುತಿಸುತ್ತೇವೆ, ಛಂದಸ್ಸನ್ನು ಗುಣಿಸುತ್ತೇವೆ. ಆ ಛಂದಸ್ಸು ರಂಗದ ಮೇಲೆ ಬದುಕುವುದು ಯಾರ ಬೆರಳಿನಲ್ಲಿ ಎಂದು ಬರೆದಿಡುವ ಕೆಲಸ ನಮ್ಮದೂ ಹೌದು. ಅದಕ್ಕೆ ಮಹಾರಾಜರ ಬೊಕ್ಕಸ ಬೇಡ, ಜರ್ಮನಿಯ ಮುದ್ರಣಶಾಲೆಯೂ ಬೇಡ. ಆಟದ ಮರುದಿನ ಹಿರಿಯ ಮದ್ದಳೆಗಾರರೊಬ್ಬರನ್ನು ಜಗಲಿಯಲ್ಲಿ ಕೂರಿಸಿ, ಒಂದೊಂದು ತಾಳದ ನಡೆಯನ್ನೂ ಮುಕ್ತಾಯವನ್ನೂ ಬಿಡಿಬಿಡಿಯಾಗಿ ನುಡಿಸಿ, ಬಾಯಿತಾಳವನ್ನು ಹೇಳಿಸಿ, ಅವರ ಹೆಸರು, ಗುರುವಿನ ಹೆಸರು, ತಿರುಗಾಟ ಮಾಡಿದ ಮೇಳಗಳನ್ನು ದಾಖಲಿಸಿಕೊಂಡರೆ ಸಾಕು. ಮೂರು ತಾಲ್ಲೂಕುಗಳ ವಿದ್ಯಾರ್ಥಿಗಳು ವರ್ಷಕ್ಕೊಬ್ಬರನ್ನು ಹೀಗೆ ಹಿಡಿದಿಟ್ಟರೂ ಹತ್ತು ವರ್ಷಗಳಲ್ಲಿ ಹತ್ತು ಜನರ ವಿದ್ಯೆ ಉಳಿಯುತ್ತದೆ. ಕೈ ಇನ್ನೂ ನಡುಗದೆ ನುಡಿಸಬಲ್ಲ ಹಿರಿಯರು ಇರುವಾಗಲೇ ಈ ಕೆಲಸ ಮೊದಲಾಗಬೇಕು.